ತಲೆಯೆಣಿಸಿ ತುಂಬಿದ ಶೀಶೆಗಳು

ಮೆಟ್ಟಿಲ ಕೆಳಗಿನ ಉಗ್ರಾಣದ ಬೀಗದ ಕೈ ಅತ್ತೆಯ ಸೊಂಟ ಬಿಟ್ಟು ಇಳಿದದ್ದನ್ನು ಆ ಮನೆಯಲ್ಲಿ ಯಾರೂ ಕಂಡಿರಲಿಲ್ಲ. ಸೊಸೆ ಆ ಮನೆಗೆ ಬಂದು ಹದಿಮೂರು ವರ್ಷವಾಗಿತ್ತು. ಅಷ್ಟು ವರ್ಷದಲ್ಲಿ ಅವಳು ಆ ಬಾಗಿಲೊಳಗೆ ಕಾಲಿಟ್ಟದ್ದು ಎರಡೋ ಮೂರೋ ಸಲ, ಅದೂ ಸುಟ್ಟುಹೋದ ಬಲ್ಬು ಬದಲಾಯಿಸಲು. ಬೇರೆಯವರ ಮನೆಯಲ್ಲಿ ಚಿನ್ನಕ್ಕೆ ಇಂಥ ಕಾವಲಿರುತ್ತದೆ. ಇಲ್ಲಿ ಒಳಗಿದ್ದದ್ದು ತರಕಾರಿ. ಬೀಟ್‌ರೂಟ್, ಹೂಕೋಸು, ಮೂಲಂಗಿ, ಬೀನ್ಸ್; ಎಲ್ಲವೂ ಉಪ್ಪು ಮತ್ತು ವಿನೆಗರ್‌ನಲ್ಲಿ ಮುಳುಗಿ, ಗಾಜಿನ ಶೀಶೆಗಳಲ್ಲಿ ಭದ್ರವಾಗಿ ಕೂತಿದ್ದವು.

ಅತ್ತೆ ಇಪ್ಪತ್ತಾರು ವರ್ಷ ಒಂದು ನೂಲಿನ ಗಿರಣಿಯ ಕ್ಯಾಂಟೀನಿನಲ್ಲಿ ಉಗ್ರಾಣ ನೋಡಿಕೊಂಡವರು. ಅಲ್ಲಿ ಒಂದು ವರ್ಷ ಏನೋ ಆಗಿತ್ತು. ಏನೆಂದು ಅವರು ಯಾರಿಗೂ ಪೂರ್ತಿ ಹೇಳಿದವರಲ್ಲ. ಕೇಳಿದರೆ, ಒಂದೇ ಶೀಶೆ, ವಾಸನೆ ಇರಲಿಲ್ಲ, ರುಚಿಯೂ ಕೆಟ್ಟಿರಲಿಲ್ಲ, ತಿಂದವರಿಗೆ ಮೊದಲು ಕಣ್ಣಿಗೆ ಬಂತು, ಆಮೇಲೆ ಗಂಟಲಿಗೆ, ಅಷ್ಟು ಹೇಳಿ ಬಾಯಿಗೆ ಬೀಗ ಹಾಕಿಕೊಳ್ಳುತ್ತಿದ್ದರು. ಸೊಸೆ ಕೆಲಸ ಮಾಡುವುದು ಕನ್ನಡಕದ ಅಂಗಡಿಯಲ್ಲಿ. ದಿನಕ್ಕೆ ಮೂವತ್ತು ಜನರ ಕಣ್ಣು ನೋಡುವವಳು. ಹಾಗಿದ್ದೂ ಕಣ್ಣಿಗೆ ಏನು ಬಂತು ಎಂದು ಅವಳು ಒಮ್ಮೆಯೂ ಕೇಳಲಿಲ್ಲ. ಅತ್ತೆಯ ಮುಖ ನೋಡಿದರೆ ಮುಂದಿನ ಪ್ರಶ್ನೆ ಗಂಟಲಲ್ಲೇ ಉಳಿಯುತ್ತಿತ್ತು.

ಅದರ ಬದಲು ಮನೆಯಲ್ಲಿ ಕಟ್ಟಳೆಗಳಿದ್ದವು. ವಿನೆಗರ್ ಅಳೆದೇ ಹಾಕಬೇಕು, ಕಣ್ಣಂದಾಜು ನಡೆಯದು. ನೀರು ಬೆರೆಸಿ ಹುಳಿ ಇಳಿಸುವಂತಿಲ್ಲ. ಶೀಶೆ ಕುದಿಯುವ ನೀರಲ್ಲಿ ಮುಳುಗಿ ಏಳಬೇಕು, ಮುಚ್ಚಳ ಪ್ರತಿಸಲವೂ ಹೊಸದಾಗಿರಬೇಕು. ತಣ್ಣಗಾದ ಮೇಲೆ ಮುಚ್ಚಳದ ನಡು ಒಳಕ್ಕೆ ತಗ್ಗಬೇಕು. ಹೆಬ್ಬೆರಳಿನಿಂದ ಒತ್ತಿದಾಗ ಟಕ್ಕೆಂದರೆ ಆ ಶೀಶೆ ನೇರ ಕಸದ ಗುಂಡಿಗೆ. ಎಲ್ಲಕ್ಕಿಂತ ಮೇಲಿನದು, ತೆರೆದ ಶೀಶೆಯನ್ನು ಮತ್ತೆ ಮುಚ್ಚಬಾರದು. ತೆರೆದ ದಿನ, ತೆರೆದ ಊಟಕ್ಕೇ ಅದು ಖಾಲಿಯಾಗಬೇಕು. ಹಾಗಾಗಿ ಅತ್ತೆ ತುಂಬುವಾಗಲೇ ತಲೆಯೆಣಿಸಿ ತುಂಬುತ್ತಿದ್ದರು. ಐದು ಜನರಿಗೆ ದೊಡ್ಡ ಶೀಶೆ, ನಾಲ್ವರಿಗೆ ಅದಕ್ಕಿಂತ ತುಸು ಸಣ್ಣದು, ಹೀಗೆ ಇಳಿಯುತ್ತ. ಪ್ರತಿ ಶೀಶೆಯ ಚೀಟಿಯಲ್ಲಿ ಮೂರು ಸಾಲು: ಯಾವ ತರಕಾರಿ, ಯಾವ ಭಾನುವಾರ ತೆರೆಯುವುದು, ಎಷ್ಟು ಜನರಿಗೆ.

ಆ ಚೀಟಿಗಳನ್ನು ಮನೆಯವರು ಓದಿದ್ದೇ ಇಲ್ಲ. ಅತ್ತೆ ಶೀಶೆಯನ್ನು ಉಗ್ರಾಣದಿಂದ ತಂದು, ನೀರಿನಲ್ಲಿ ನೆನೆಸಿ ಚೀಟಿ ಕಿತ್ತು, ತರಕಾರಿಯನ್ನು ಬೋಗುಣಿಗೆ ಸುರಿದೇ ಊಟದ ಮೇಜಿಗೆ ತರುತ್ತಿದ್ದರು. ಮೊಮ್ಮಗಳಿಗೆ ಮಾತ್ರ ಒಂದು ಕೆಲಸ ಕಲಿಸಿದ್ದರು. ಎಂಟು ವರ್ಷದ ಪುಟ್ಟಿ ಕುರ್ಚಿಯ ಮೇಲೆ ನಿಂತು, ಚಮಚ ತೋರಿಸುತ್ತ, ಕೂತವರ ತಲೆಗಳನ್ನು ಜೋರಾಗಿ ಎಣಿಸಬೇಕು. ಅವಳು ಐದು ಎಂದ ಮೇಲೆಯೇ ಬಡಿಸುವುದು. ಬಸ್ ಕಂಡಕ್ಟರಾಗಿ ನಿವೃತ್ತರಾದ ಮಾವ, ನನ್ನ ಸರ್ವಿಸ್ಸಿನಲ್ಲೇ ಇಷ್ಟು ಕಟ್ಟುನಿಟ್ಟಾಗಿ ತಲೆ ಎಣಿಸಿರಲಿಲ್ಲ ಎಂದು ಪ್ರತಿ ಭಾನುವಾರ ಅದೇ ತಮಾಷೆ ಮಾಡುತ್ತಿದ್ದರು. ಪ್ರತಿ ಭಾನುವಾರ ಅವರೊಬ್ಬರೇ ಅದಕ್ಕೆ ನಗುತ್ತಿದ್ದರು.

ಅತ್ತೆ ತೀರಿಕೊಂಡದ್ದು ಒಂದು ಸೋಮವಾರ ಬೆಳಿಗ್ಗೆ. ಕಟ್ಟಿಸಿದ ಹಲ್ಲನ್ನು ಲೋಟದ ನೀರಿನಲ್ಲೇ ಬಿಟ್ಟು, ಮುಖ ತೊಳೆಯಲು ಹೋದವರು ನಲ್ಲಿ ಹಿಡಿದುಕೊಂಡೇ ಕುಸಿದರು. ಹೃದಯ ನಿಂತಿದೆ ಎಂದರು ವೈದ್ಯರು. ಯಾರ ತಪ್ಪೂ ಇರಲಿಲ್ಲ. ನಾಲ್ಕು ದಿನ ಬಂದುಹೋಗುವವರ ಗಲಾಟೆಯಲ್ಲಿ ಕಳೆಯಿತು. ಅದರ ಮರುದಿನ, ಶನಿವಾರ, ಬೀಗದ ಕೈ ಯಾರೂ ಕೊಡದೆಯೇ ಸೊಸೆಯ ಕೈಗೆ ಬಂತು. ನಾಳೆ ಭಾನುವಾರ, ಒಂದು ಶೀಶೆ ತೆಗೆಯಬೇಕಲ್ಲ ಎಂದು ಅವಳು ಬಾಗಿಲು ತೆರೆದಳು.

ಒಳಗೆ ತಂಪು, ವಿನೆಗರ್‌ನ ಸಣ್ಣ ಘಾಟು. ಒಂದೇ ಉದ್ದ ಹಲಗೆಯ ಮೇಲೆ ಶೀಶೆಗಳು ಎಡದಿಂದ ಬಲಕ್ಕೆ ಸಾಲಾಗಿ ನಿಂತಿದ್ದವು. ಎಡತುದಿಯಲ್ಲಿ ದೊಡ್ಡ ಶೀಶೆಗಳು ನಿಂತಿದ್ದ ಕಡೆ ಧೂಳಿನಲ್ಲಿ ಬರೀ ದುಂಡನೆಯ ಗುರುತುಗಳು. ಬೀಟ್‌ರೂಟ್ ಮುಗಿದಿತ್ತು, ಕೊನೆಯದನ್ನು ಅತ್ತೆ ಸಾಯುವ ಹಿಂದಿನ ದಿನ ಎಲ್ಲರೂ ಕೂತು ತಿಂದಿದ್ದರು. ಮುಂದಿನದು ಹೂಕೋಸು. ಚೀಟಿಯಲ್ಲಿ ಅತ್ತೆಯ ದುಂಡು ಅಕ್ಷರ. ಮರುದಿನದ ತಾರೀಕು. ಕೆಳಗೆ, ನಾಲ್ವರು.

ಈ ಶೀಶೆ ತುಂಬಿದ್ದು ನಾಲ್ಕು ತಿಂಗಳ ಹಿಂದೆ. ಆಗ ಅತ್ತೆ ಗಟ್ಟಿಮುಟ್ಟಾಗಿ ಓಡಾಡಿಕೊಂಡಿದ್ದರು, ಮನೆಯಲ್ಲಿ ಐದು ತಲೆಗಳಿದ್ದವು. ಈ ಭಾನುವಾರದಿಂದ ನಾಲ್ಕೇ ಎಂದು ಅವರಿಗೆ ಹೇಳಿದವರು ಯಾರು? ಅವಳು ತರಕಾರಿಯ ಹೆಸರುಗಳನ್ನು ಬಿಟ್ಟು ಜನರ ಎಣಿಕೆಯನ್ನೇ ಓದುತ್ತ ಬಲಕ್ಕೆ ಸರಿದಳು. ಹೂಕೋಸಿನವು ಆರು, ಎಲ್ಲವೂ ನಾಲ್ವರಿಗೆ. ಅದಾದ ಮೇಲೆ ಮೂಲಂಗಿ, ಐದು ಶೀಶೆ. ಮೂವರು, ಮೂವರು, ಮೂವರು, ಮೂವರು, ಮೂವರು.

ಅದಕ್ಕೂ ಆಚೆ ಅಂಗೈಯಲ್ಲಿ ಹಿಡಿಯುವಷ್ಟು ಚಿಕ್ಕ ಶೀಶೆಗಳು, ಹನ್ನೊಂದು. ಒಳಗೆ ಎಳೆ ಬೀನ್ಸ್ ಒತ್ತಾಗಿ ನಿಂತಿತ್ತು. ಚೀಟಿಯಲ್ಲಿ ತಾರೀಕಿನ ಕೆಳಗೆ, ಒಬ್ಬಳು. ಹನ್ನೊಂದರಲ್ಲೂ ಅದೇ. ಇಬ್ಬರು ಎಂದು ಬರೆದ ಶೀಶೆ ಒಂದೂ ಇರಲಿಲ್ಲ. ಹನ್ನೊಂದನೆಯದು ಮುಗಿದ ಮೇಲೆ ಬರೀ ಹಲಗೆ.

ಅವಳು ಹೂಕೋಸಿನ ಶೀಶೆ ಎತ್ತಿಕೊಂಡು ಹೊರಗೆ ಬಂದು ಬೀಗ ಹಾಕಿದಳು. ಮರುದಿನ ಪುಟ್ಟಿ ಕುರ್ಚಿ ಹತ್ತಿ ಎಣಿಸಿದಳು. ಅಭ್ಯಾಸಬಲದಿಂದ ಐದು ಎಂದು, ಆಮೇಲೆ ನಾಲಿಗೆ ಕಚ್ಚಿಕೊಂಡು ನಾಲ್ಕು ಎಂದಳು. ಗಂಡ ಎದ್ದು ಹೋಗಿ ಅಡಿಗೆಮನೆಯಲ್ಲಿ ಸುಮ್ಮನೆ ನಿಂತು ಬಂದ. ಹೂಕೋಸು ನಾಲ್ವರಿಗೆ ಸರಿಹೋಯಿತು, ಒಂದು ಚೂರೂ ಉಳಿಯಲಿಲ್ಲ.

ಗಂಡನನ್ನೋ ಮಾವನನ್ನೋ ಒಂದು ಮಾತು ಕೇಳಿದ್ದರೆ ಎಲ್ಲ ಅಲ್ಲಿಗೇ ಮುಗಿಯುತ್ತಿತ್ತು. ಆದರೆ ಬಾಯಿಬಿಟ್ಟು ಹೇಳಿದರೆ ಅದು ನಿಜವೇ ಆಗಿಬಿಡುತ್ತದೆ ಎಂದು ಅವಳಿಗೆ ಅನಿಸಿತ್ತು. ಹೆದರಿದವರ ಬುದ್ಧಿ ಹೀಗೆಯೇ. ಹೇಳಬೇಕಾದವರನ್ನು ಬಿಟ್ಟು ಗೋಡೆಯ ಜೊತೆ ಮಾತಾಡುತ್ತದೆ. ನಾಲ್ಕರಲ್ಲಿ ಒಂದು ಹೋಗುತ್ತದೆ, ಯಾವುದು? ಈ ಲೆಕ್ಕ ಹಿಡಿದು ಅವಳು ಮನೆಯವರನ್ನು ಕಣ್ಣಲ್ಲಿ ಕಣ್ಣಿಟ್ಟು ಕಾಯತೊಡಗಿದಳು. ಗಂಡ ಅಂಗಡಿಗಳ ಬೋರ್ಡು ಬರೆಯುವವನು, ದಿನವಿಡೀ ಏಣಿಯ ಮೇಲೆ. ಅವನ ಏಣಿಯ ಕಾಲಿಗೆ ಹೊಸ ರಬ್ಬರು ಹಾಕಿಸಿದಳು. ಮಾವ ಕೆಮ್ಮಿದರೆ ಸಾಕು, ಬಿಸಿನೀರು ಹಿಡಿದು ನಿಂತಳು. ಪುಟ್ಟಿಯನ್ನು ಶಾಲೆಯ ಗೇಟಿನ ತನಕ ಕೈಹಿಡಿದು ಬಿಡತೊಡಗಿದಳು. ಎಂಟು ವರ್ಷದವಳು ಗೆಳತಿಯರ ಮುಂದೆ ಮುಖ ಸಿಂಡರಿಸಿ ಕೈ ಬಿಡಿಸಿಕೊಂಡು ಓಡುತ್ತಿದ್ದಳು.

ಮೂರಾದ ಮೇಲೆ ಒಂದು. ಒಬ್ಬಳು ಅಂದರೆ ಗಂಡನೂ ಇಲ್ಲ, ಮಾವನೂ ಇಲ್ಲ. ಉಳಿಯುವುದು ಅವಳು, ಇಲ್ಲವೇ ಪುಟ್ಟಿ. ಇಷ್ಟು ದೂರ ಬಂದಾಗ ಅವಳು ಅಂಗಡಿಯಲ್ಲಿ ಹಿಡಿದಿದ್ದ ಸ್ಕ್ರೂ ನೆಲಕ್ಕೆ ಬೀಳುತ್ತಿತ್ತು. ಕನ್ನಡಕದ ಸ್ಕ್ರೂ ಬಿದ್ದರೆ ಹುಡುಕಿದವರಿಗೇ ಗೊತ್ತು.

ಶೀಶೆಗಳನ್ನು ಎಸೆದುಬಿಡುವ ಯೋಚನೆಯೂ ಬಂತು. ಎಸೆದರೆ ಬರೆದದ್ದು ಹೋಗುವುದೇ? ಒಂದು ದಿನ ಮೂವರು ಎಂಬುದನ್ನು ಹೊಡೆದು ನಾಲ್ವರು ಎಂದು ತಿದ್ದಲು ಪೆನ್ನು ಹಿಡಿದು ನಿಂತಳು. ಆದರೆ ಶೀಶೆ ಮೂವರದೇ, ಒಳಗಿರುವುದೂ ಮೂವರಷ್ಟೇ. ಅಂಥ ಸುಳ್ಳು ಚೀಟಿಯನ್ನು ಅತ್ತೆ ಬಾಗಿಲಲ್ಲಿ ನಿಂತೇ ಹಿಡಿದುಬಿಡುತ್ತಿದ್ದರು. ನಾಲ್ವರು ಎಂದು ಬರೆಯಬೇಕಾದರೆ ಒಳಗೆ ನಾಲ್ವರಿಗಾಗುವಷ್ಟು ಇರಬೇಕು.

ಅಂದರೆ ಮೂವರ ಶೀಶೆಯನ್ನು ನಿಜವಾಗಿಯೂ ನಾಲ್ವರದನ್ನಾಗಿ ಮಾಡಬೇಕು. ಈ ಉಪಾಯ ಹೊಳೆದಾಗ ಅವಳಿಗೆ ಎಷ್ಟೋ ದಿನಗಳ ಮೇಲೆ ಉಸಿರು ಸರಾಗವಾಯಿತು. ಹೂಕೋಸಿನ ಐದು ಶೀಶೆ ಅಷ್ಟರಲ್ಲಿ ಖಾಲಿಯಾಗಿ ತೊಳೆದು ಕವುಚಿದ್ದವು. ಅಂಗಡಿಗೆ ಅರ್ಧ ದಿನ ರಜೆಯಿದ್ದ ಒಂದು ಮಧ್ಯಾಹ್ನ, ಮಾವ ಮಹಡಿಯಲ್ಲಿ ಮಲಗಿದ್ದಾಗ, ಅವಳು ಮೂಲಂಗಿಯ ಐದೂ ಶೀಶೆಗಳನ್ನು ಅಡಿಗೆಮನೆಗೆ ತಂದಿಟ್ಟುಕೊಂಡಳು. ಮಾರುಕಟ್ಟೆಯಿಂದ ಆಗತಾನೇ ತಂದ, ಮೈಗೆ ಮಣ್ಣು ಮೆತ್ತಿದ್ದ ಮೂಲಂಗಿಯೂ ಇತ್ತು.

ಮೊದಲ ಶೀಶೆಯ ಮುಚ್ಚಳ ತಿರುಗಿಸಿದಾಗ ಅದು ಸುಯ್ ಎಂದಿತು. ಒಳಗೆ ಗಾಳಿ ನುಗ್ಗುವ ಸದ್ದು ಅಷ್ಟೇ, ಆದರೂ ಅವಳು ಹಿಂತಿರುಗಿ ನೋಡಿದಳು. ಯಾರೂ ಇರಲಿಲ್ಲ. ಹಳೆಯ ಹೋಳುಗಳನ್ನು ದೊಡ್ಡ ಶೀಶೆಗೆ ಸುರಿದು, ಮೇಲೆ ಹೊಸ ಮೂಲಂಗಿ ಹೆಚ್ಚಿ ತುಂಬಿದಳು. ರಸ ಕುತ್ತಿಗೆಯ ತನಕ ಬರಲಿಲ್ಲ. ವಿನೆಗರ್ ಬಾಟಲಿ ನೋಡಿದರೆ ತಳದಲ್ಲಿ ಎರಡು ಚಮಚ. ಕುದಿಸಿ ಆರಿಸಿದ ನೀರಿಗೆ ಉಪ್ಪು ಹಾಕಿ ಮೇಲ್ತನಕ ತುಂಬಿದಳು. ಹೊಸ ಮುಚ್ಚಳಗಳು ಆ ಅಳತೆಯವು ಸಿಗಲಿಲ್ಲ, ಹಳೆಯವೇ ಚೆನ್ನಾಗಿದ್ದವು. ಬಿಗಿದು, ಬಿಸಿನೀರಿನಲ್ಲಿ ಸ್ವಲ್ಪ ಹೊತ್ತು ನಿಲ್ಲಿಸಿದಳು. ಆರಿದಂತೆ ಒಂದೊಂದು ಮುಚ್ಚಳವೂ ಒಳಕ್ಕೆ ತಗ್ಗಿತು. ಅವಳ ಕಣ್ಣಿಗೆ ಅತ್ತೆಯ ಶೀಶೆಗಳಿಗೂ ಇವಕ್ಕೂ ಯಾವ ವ್ಯತ್ಯಾಸವೂ ಇರಲಿಲ್ಲ.

ಅತ್ತೆಯ ಪೆಟ್ಟಿಗೆಯಿಂದ ಖಾಲಿ ಚೀಟಿ ತೆಗೆದು, ಅವರಂತೆಯೇ ದುಂಡಗೆ, ಮೂಲಂಗಿ, ತಾರೀಕು, ನಾಲ್ವರು ಎಂದು ಬರೆದಳು. ಕೊನೆಯ ಚೀಟಿ ಅಂಟಿಸುವಾಗ ಬೀಗ ಹಾಕಿದ್ದ ಉಗ್ರಾಣದೊಳಗೆ ಟಕ್ ಎಂದು ಒಂದು ಸದ್ದಾಯಿತು. ಹೆಬ್ಬೆರಳಿನಿಂದ ಮುಚ್ಚಳ ಒತ್ತಿದಾಗ ಬರುವ ಸದ್ದು. ಸ್ವಲ್ಪ ಹೊತ್ತು ಕಾದು, ಬಾಗಿಲು ತೆರೆದು, ಉಳಿದ ಶೀಶೆಗಳನ್ನೆಲ್ಲ ಒಂದೊಂದಾಗಿ ಒತ್ತಿ ನೋಡಿದಳು. ಹೂಕೋಸಿನ ಕೊನೆಯದು, ಬೀನ್ಸಿನ ಹನ್ನೊಂದು, ಎಲ್ಲವೂ ತಗ್ಗಿ ಗಟ್ಟಿಯಾಗಿ ಕೂತಿದ್ದವು. ಟಕ್ಕೆನ್ನುವಂಥದು ಅಲ್ಲಿ ಒಂದೂ ಇರಲಿಲ್ಲ.

ತಾನು ಮಾಡಿದ ಶೀಶೆಗಳನ್ನು ಆ ಹನ್ನೊಂದರ ಪಕ್ಕ ಇಡಲು ಅವಳಿಗೆ ಮನಸ್ಸಾಗಲಿಲ್ಲ. ಅಡಿಗೆಮನೆಯಲ್ಲೇ, ಒಲೆಯ ಮೇಲಿನ ಕಪಾಟಿನಲ್ಲಿ ಇಟ್ಟಳು. ಅಲ್ಲಿ ಯಾವಾಗಲೂ ಬೆಚ್ಚಗಿರುತ್ತಿತ್ತು.

ಮೂಲಂಗಿಯ ಮೊದಲ ಭಾನುವಾರ ಬಂತು. ಆ ವಾರವಿಡೀ ಅವಳ ಜೀವ ಬಾಯಿಗೆ ಬಂದಿತ್ತು. ಗಂಡ ಏಣಿಯಿಂದ ಬೀಳಲಿಲ್ಲ, ಮಾವ ಹಾಸಿಗೆ ಹಿಡಿಯಲಿಲ್ಲ, ಪುಟ್ಟಿ ಮಂಡಿ ತರಚಿಕೊಂಡು ಬಂದದ್ದು ಬಿಟ್ಟರೆ ಏನೂ ಆಗಲಿಲ್ಲ. ಪುಟ್ಟಿ ಚಮಚ ಎತ್ತಿ ನಾಲ್ಕು ಎಂದಳು. ಶೀಶೆಯಲ್ಲೂ ನಾಲ್ವರದು ಇತ್ತು. ಸೊಸೆಗೆ ಮಾತ್ರ ಮೂಲಂಗಿ ಕಂಡರಾಗದು. ಆ ವಾಸನೆಗೆ ಅವಳ ಹೊಟ್ಟೆ ತೊಳಸುತ್ತದೆ. ಮದುವೆಯಾಗಿ ಬಂದ ಹೊಸದರಲ್ಲಿ ಹೇಳಲು ಸಂಕೋಚವಾಗಿ ಬಿಟ್ಟದ್ದು, ಆಮೇಲೆ ಹೇಳದೇ ಉಳಿಯಿತು. ತಟ್ಟೆಗೆ ನಾಲ್ಕು ಹೋಳು ಹಾಕಿಕೊಳ್ಳುವುದು, ಮಾತಿನ ನಡುವೆ ಗಂಡನ ತಟ್ಟೆಗೆ ದಾಟಿಸುವುದು. ಹದಿಮೂರು ವರ್ಷದಿಂದ ಇದು ಯಾರ ಕಣ್ಣಿಗೂ ಬಿದ್ದಿಲ್ಲ ಎಂದು ಅವಳು ನಂಬಿದ್ದಳು.

ಎರಡನೆಯ ಭಾನುವಾರ, ಮೂರನೆಯದು, ನಾಲ್ಕನೆಯದೂ ಹಾಗೆಯೇ ಸಾಗಿದವು. ಅವಳು ಮೈತುಂಬ ನಿದ್ದೆ ಮಾಡತೊಡಗಿದಳು. ಕೆಲವೊಮ್ಮೆ ಬೀಗ ಹಾಕಿದ ಉಗ್ರಾಣದ ಮುಂದೆ ಹಾಯುವಾಗ, ಗೆದ್ದೆ ಎಂದು ಮನಸ್ಸಿನಲ್ಲೇ ಅತ್ತೆಗೆ ಹೇಳುತ್ತಿದ್ದಳು. ಬೀನ್ಸಿಗೂ ಏನಾದರೂ ಒಂದು ದಾರಿ ಮಾಡಿದರಾಯಿತು ಎಂದುಕೊಂಡಳು. ಹನ್ನೊಂದನ್ನೂ ಸೇರಿಸಿದರೆ ನಾಲ್ವರ ಶೀಶೆ ಮೂರಾಗಬಹುದು.

ಐದನೆಯ ಶೀಶೆ ಆರು ವಾರ ಒಲೆಯ ಮೇಲೆ ಕೂತಿತ್ತು. ತೆರೆಯುವಾಗ ಅವಳು ಹೆಬ್ಬೆರಳಿನಿಂದ ಒತ್ತಿದಳು, ಟಕ್ಕೆನ್ನಲಿಲ್ಲ. ರಸ ತುಸು ಮಬ್ಬಾಗಿತ್ತು, ಬೆಳಕಿನ ದೋಷ ಎಂದುಕೊಂಡಳು. ಮೂಲಂಗಿ ವಾಸನೆಯೇ ಅವಳಿಗೆ ಕೆಟ್ಟದ್ದಾದ್ದರಿಂದ ಮೂಗು ಹಿಡಿದು ಬೋಗುಣಿಗೆ ಸುರಿದಳು.

ಅಂದು ಎಲ್ಲರೂ ಚೆನ್ನಾಗಿ ಉಂಡರು. ಬೋಗುಣಿಯ ತಳ ಕಾಣುವಾಗ ಗಂಡ ಹಿಂದಕ್ಕೆ ಒರಗಿ ಹೊಟ್ಟೆ ಸವರಿಕೊಂಡ. ಈ ವರ್ಷ ಮೂಲಂಗಿ ತಿಂದು ತಿಂದು ಸಾಕಾಯಿತು, ಶೀಶೆಯೇ ದೊಡ್ಡದು ಎಂದ.

"ಅಮ್ಮ ಮೂಲಂಗಿಗೆ ಯಾವಾಗಲೂ ಮೂರೇ ಜನ ಅಂತ ಲೆಕ್ಕ ಹಾಕ್ತಿದ್ದಳು. ಈ ಸಲ ಯಾಕೆ ಜಾಸ್ತಿ ಹಾಕಿದಳೋ."

ಸೊಸೆ ಮೂರು ಜನ ಯಾಕೆ ಎಂದು ಕೇಳಿದಳು.

"ನೀನು ತಿನ್ನಲ್ವಲ್ಲ," ಎಂದು ಗಂಡ ನಕ್ಕ. "ಹದಿಮೂರು ವರ್ಷದಿಂದ ನನ್ನ ತಟ್ಟೆಗೆ ದಾಟಿಸ್ತಿದ್ದೀಯ, ಅದು ಯಾರಿಗೂ ಗೊತ್ತಿಲ್ಲ ಅಂದ್ಕೊಂಡ್ಯಾ? ಅವಳು ಪಾಪ ಹೇಳ್ಕೊಳ್ಳಲಾರಳು, ನಾವು ನೋಡಿದ ಹಾಗೆ ಮಾಡ್ಬಾರದು ಅಂತ ಅಮ್ಮ ನಮಗೆಲ್ಲ ತಾಕೀತು ಮಾಡಿದ್ದಳು."

ಮಾವ ಉಳಿದದ್ದನ್ನು ಹೇಳಿದರು. ಅವರ ಹೆಂಡತಿಗೆ ಕಟ್ಟಿಸಿದ ಹಲ್ಲು, ಮೆತ್ತಗೆ ಬೆಂದ ಬೀಟ್‌ರೂಟ್ ಬಿಟ್ಟು ಬೇರೇನೂ ಅಗಿಯಲಾಗುತ್ತಿರಲಿಲ್ಲ. ಹಾಗಾಗಿ ಹೂಕೋಸಿಗೆ ಅತ್ತೆಯನ್ನು ಬಿಟ್ಟು ನಾಲ್ಕೇ ಜನ, ಮೂಲಂಗಿಗೆ ಸೊಸೆಯನ್ನೂ ಬಿಟ್ಟು ಮೂವರು. ಪ್ರತಿ ವರ್ಷವೂ ಹೀಗೆಯೇ. ಮೇಜಿನ ಮೇಲೆ ಮಾತ್ರ ಮರ್ಯಾದೆಗೆ ಎರಡು ಹೋಳು ಹಾಕಿಕೊಂಡು ಮೆಲ್ಲಗೆ ಮಾವನ ತಟ್ಟೆಗೆ ದಾಟಿಸುತ್ತಿದ್ದರಂತೆ. ಅತ್ತೆ ಸೊಸೆ ಇಬ್ಬರೂ ಒಂದೇ ಕಳ್ಳ ವಿದ್ಯೆ ಕಲಿತಿದ್ದರು ಎಂದು ಮಾವ ಕಣ್ಣು ಒರೆಸಿಕೊಂಡರು.

"ಮತ್ತೆ ಬೀನ್ಸು?" ಸೊಸೆ ಕೇಳಿದಳು.

"ಅದು ನಿನಗೇ," ಎಂದರು ಮಾವ. "ಅಷ್ಟು ಹೊತ್ತಿಗೆ ಪೇಟೆಗೆ ಹೊಸ ತರಕಾರಿ ಬಂದಿರುತ್ತೆ, ನಮಗೆ ಶೀಶೆದು ಬೇಡ. ನಿನಗೆ ಬೀನ್ಸ್ ಇಷ್ಟ ಅಂತ ಈ ವರ್ಷ ಹೊಸದಾಗಿ ಮಾಡಿದ್ದಳು. ಭಾನುವಾರಕ್ಕೊಂದು ಶೀಶೆ ಅವಳ ತಟ್ಟೆಗೇ ಬಡಿಸ್ತೀನಿ, ಹೇಳ್ಬೇಡಿ ಅಂದಿದ್ದಳು."

ಅವಳು ಎದ್ದು ಉಗ್ರಾಣಕ್ಕೆ ಹೋಗಿ, ಆ ಹನ್ನೊಂದು ಶೀಶೆಗಳ ಮುಂದೆ ನಿಂತು ಅತ್ತಳು. ಅತ್ತದ್ದರಲ್ಲಿ ನಾಚಿಕೆಯೂ ಇತ್ತು, ಪ್ರೀತಿಯೂ ಇತ್ತು, ಹಗುರಾದ ಸುಖವೂ ಇತ್ತು. ಬಾಯಿಬಿಟ್ಟು ಒಂದು ಮಾತು ಆಡದ ಮುದುಕಿ ಸೊಸೆಯ ನಾಲಿಗೆಯ ರುಚಿಯನ್ನು ಹದಿಮೂರು ವರ್ಷ ಲೆಕ್ಕದಲ್ಲಿ ಇಟ್ಟುಕೊಂಡಿದ್ದಳು. ಅಂಥವಳನ್ನು ತಾನು ಯಮನ ಗುಮಾಸ್ತೆ ಮಾಡಿ ಎರಡು ತಿಂಗಳು ಹೆದರಿದ್ದೆನಲ್ಲ. ಅತ್ತು ಮುಗಿಸಿ, ಶೀಶೆಗಳ ಧೂಳನ್ನು ಸೆರಗಿನಿಂದ ಒರೆಸಿ, ಬಾಗಿಲು ಹಾಕಿಕೊಂಡಳು. ಅಂದು ಮೊದಲ ಸಲ ಬೀಗ ಹಾಕಲಿಲ್ಲ.

ಸೋಮವಾರ ಹನ್ನೊಂದು ಗಂಟೆಗೆ ಮಾವ ಕನ್ನಡಕದ ಅಂಗಡಿಗೆ ಬಂದರು. ಹಿಂದಿನ ತಿಂಗಳು ನೀನು ಹಾಕಿಕೊಟ್ಟ ಗಾಜು ಕೆಟ್ಟಿದೆ, ಬಸ್ಸಿನ ನಂಬರು ಎರಡೆರಡು ಕಾಣುತ್ತಿದೆ ಎಂದು ದೂರಿದರು. ಅವಳು ಅವರನ್ನು ಒಳಗಿನ ಕತ್ತಲೆ ಕೋಣೆಗೆ ಕರೆದೊಯ್ದು ಕೂರಿಸಿದಳು. ಎದುರು ಗೋಡೆಯ ಮೇಲೆ ಒಂದೇ ಒಂದು ಪುಟ್ಟ ದೀಪ. ದೀಪ ಒಂದೋ ಎರಡೋ ಎಂದು, ದಿನಕ್ಕೆ ಮೂವತ್ತು ಸಲ ಕೇಳುವ ಪ್ರಶ್ನೆಯನ್ನೇ ಕೇಳಿದಳು. ಎರಡು ಎಂದರು ಮಾವ. ಕನ್ನಡಕ ತೆಗೆಸಿದಳು. ಆಗಲೂ ಎರಡೇ.

ಗಾಜಿನ ನಡುಬಿಂದು ಅಳೆದು ನೋಡಿದಳು, ಕೂದಲೆಳೆಯಷ್ಟೂ ಸರಿದಿರಲಿಲ್ಲ. ಮಾವನ ರೆಪ್ಪೆಗಳು ಭಾರವಾಗಿ ಅರ್ಧ ಇಳಿದಿದ್ದವು. ನಿದ್ದೆ ಸಾಲದು, ಬಾಯಿ ಬೇರೆ ಒಣಗುತ್ತಿದೆ ಎಂದರು. ಅವಳು ನೀರು ಕೊಟ್ಟಳು. ಒಂದು ಗುಟುಕು ನುಂಗಲು ಅವರು ಎರಡು ಸಲ ಯತ್ನಿಸಿದರು. ವಯಸ್ಸು, ಹೆಂಡತಿ ಹೋದ ದುಃಖ, ಎಲ್ಲ ಸೇರಿದೆ ಎಂದುಕೊಂಡು ಅವಳು ಮೂಗಿನ ಮೇಲಿನ ಪ್ಯಾಡು ಸ್ವಲ್ಪ ಬಗ್ಗಿಸಿ, ಮನೆಗೆ ಹೋಗಿ ಮಲಗಿ ಎಂದು ಕಳಿಸಿದಳು. ಕೈಯಲ್ಲಿ ಕನ್ನಡಕ ಇದ್ದವಳಿಗೆ ತಪ್ಪು ಕನ್ನಡಕದಲ್ಲೇ ಇದೆ ಎನಿಸಿದ್ದು ಸಹಜ.

ಸಂಜೆ ಅವಳು ಮನೆಗೆ ಬಂದಾಗ ಗಂಡ ಆಗಲೇ ಬಂದು ಕೂತಿದ್ದ. ಔಷಧಿ ಅಂಗಡಿಯ ಬೋರ್ಡು ಬರೆಯುತ್ತಿದ್ದನಂತೆ, ಗೆರೆ ಒಂದರ ಪಕ್ಕ ಇನ್ನೊಂದು ಕಂಡು, ಯಾವುದರ ಮೇಲೆ ಕುಂಚ ಇಡುವುದೆಂದು ತಿಳಿಯದೆ ಇಳಿದು ಬಂದನಂತೆ. ಬಣ್ಣದ ಘಾಟು ತಲೆಗೇರಿರಬೇಕು ಎಂದ. ಅವನ ಮಾತು ತೊದಲುತ್ತಿತ್ತು. ಅವಳು ದೀಪ ಹಾಕಿ ಅವನ ಮುಖ ನೋಡಿದಳು. ಅವನ ರೆಪ್ಪೆಗಳೂ ಇಳಿದಿದ್ದವು.

ಆ ಹೊತ್ತಿಗೇ ಪುಟ್ಟಿ ಕುರ್ಚಿ ಹತ್ತಿದಳು. ಅಂದು ಶೀಶೆಯ ಊಟವಲ್ಲ, ಎಣಿಸುವ ದಿನವೂ ಅಲ್ಲ. ಸುಮ್ಮನೆ ಆಟಕ್ಕೆ ಚಮಚ ಎತ್ತಿ, ಅಜ್ಜನಿಂದ ಶುರುಮಾಡಿದಳು. ಅವಳ ಚಮಚ ಗಾಳಿಯಲ್ಲಿ ಎಂದಿಗಿಂತ ಹೆಚ್ಚು ಕಡೆ ನಿಂತು ನಿಂತು ಹೋಯಿತು. ಅಜ್ಜನ ಮುಖದ ಮೇಲೆ ಒಂದು ಸಲ, ಅವರ ಪಕ್ಕದ ಖಾಲಿ ಜಾಗದ ಮೇಲೆ ಒಂದು ಸಲ. ಅಪ್ಪನ ಮೇಲೆ, ಅಪ್ಪನ ಪಕ್ಕದ ಗೋಡೆಯ ಮೇಲೆ. ಅಮ್ಮನ ಮೇಲೆ, ಅಮ್ಮನ ಎಡಗಡೆ ಯಾರೂ ಇಲ್ಲದ ಕಡೆ. ಕೊನೆಗೆ ತನ್ನ ಎದೆ ಮುಟ್ಟಿಕೊಂಡಳು.

"ಏಳು," ಎಂದಳು ಪುಟ್ಟಿ. ನಾಲಿಗೆ ದಪ್ಪವಾದಂತೆ ಆ ಮಾತು ಎಳೆದೆಳೆದು ಬಂತು. "ಅಮ್ಮಾ, ನೀನು ಇಬ್ಬರಿದ್ದೀಯ."

ಮೊದಲು ಕಣ್ಣಿಗೆ ಬಂತು, ಆಮೇಲೆ ಗಂಟಲಿಗೆ. ಅತ್ತೆಯ ಮಾತು ಅತ್ತೆಯ ದನಿಯಲ್ಲೇ ಕಿವಿಗೆ ಬಡಿಯಿತು. ಕಣ್ಣಿಗೆ ಏನು ಬಂತೆಂದು ಕೇಳದೆ ಉಳಿದಿದ್ದಕ್ಕೆ ಉತ್ತರ ಈಗ ಮೂವರ ಮುಖದ ಮೇಲೂ ಇತ್ತು. ಅವಳ ಕಣ್ಣಿಗೆ ಮಾತ್ರ ಎಲ್ಲವೂ ಒಂದೊಂದೇ, ಸ್ಪಷ್ಟವಾಗಿ ಕಾಣುತ್ತಿತ್ತು. ಅವಳು ಮಗಳನ್ನು ಕುರ್ಚಿಯಿಂದ ಎತ್ತಿ ಇಳಿಸಿ, ಫೋನಿನ ಕಡೆ ಓಡಿದಳು.

ಆಂಬುಲೆನ್ಸಿನವನು ಬಂದು ಎಷ್ಟು ಜನ ಎಂದು ಕೇಳಿದ. ಮೂವರು ಎಂದಳು. ಏನು ತಿಂದಿದ್ದರು ಎಂದದ್ದಕ್ಕೆ ತೊಳೆಯದೆ, ಚೀಟಿ ಕೀಳದೆ ಇಟ್ಟಿದ್ದ ಶೀಶೆಯನ್ನು ಅವನ ಕೈಗೆ ಕೊಟ್ಟಳು. ತೆರೆದದ್ದನ್ನು ಮತ್ತೆ ಮುಚ್ಚಿದ್ದು ನಾನು, ನೀರು ಬೆರೆಸಿದ್ದು ನಾನು ಎಂದು ಕೇಳುವ ಮೊದಲೇ ಹೇಳಿದಳು. ಅವನು ಚೀಟಿಯನ್ನು ಬೆಳಕಿಗೆ ಹಿಡಿದು ಓದಿದ.

"ಇದರಲ್ಲಿ ನಾಲ್ವರು ಅಂತ ಇದೆಯಲ್ಲ. ಇನ್ನೊಬ್ಬರು ಯಾರು?"

"ನಾನು," ಎಂದಳು. "ನಾನು ಮೂಲಂಗಿ ತಿನ್ನಲ್ಲ."

ಆಸ್ಪತ್ರೆಯಲ್ಲಿ ಮೂವರಿಗೂ ಮದ್ದು ಕೊಟ್ಟರು. ಮಂಗಳವಾರ ಮಾವನ ಉಸಿರು ಯಂತ್ರಕ್ಕೆ ಹೋಯಿತು, ಬುಧವಾರ ಗಂಡನದು, ಗುರುವಾರ ಪುಟ್ಟಿಯದು. ವೈದ್ಯೆ ಅವಳನ್ನು ಕೂರಿಸಿಕೊಂಡು, ಯಾವುದನ್ನೂ ಮುಚ್ಚಿಡದೆ ಹೇಳಿದರು. ಹುಳಿ ಸಾಲದೆ ಮುಚ್ಚಿಟ್ಟ ಶೀಶೆಯಲ್ಲಿ, ಗಾಳಿಯಿಲ್ಲದ ಕಡೆ ಹುಟ್ಟುವ ವಿಷ ಇದು. ಮದ್ದು ಉಳಿದ ವಿಷವನ್ನು ತಡೆಯುತ್ತದೆ, ನರಕ್ಕೆ ಅಂಟಿದ್ದನ್ನು ಬಿಡಿಸುವುದಿಲ್ಲ. ನರಗಳು ತಾವಾಗಿ ಮತ್ತೆ ಚಿಗುರಬೇಕು. ಚಿಗುರುವ ತನಕ ಅವರು ಎಚ್ಚರವಾಗಿಯೇ ಇರುತ್ತಾರೆ, ನೀವು ಹೇಳಿದ್ದೆಲ್ಲ ಕೇಳುತ್ತದೆ, ಕಣ್ಣು ತೆರೆಯಲು ಮಾತ್ರ ಆಗುವುದಿಲ್ಲ. ಎಲ್ಲರೂ ದಾಟುತ್ತಾರೆಂದು ಮಾತು ಕೊಡಲಾರೆ.

ಎಷ್ಟು ದಿನ ಎಂದು ಸೊಸೆ ಕೇಳಿದಳು.

"ದಿನಗಳಲ್ಲಮ್ಮ, ವಾರಗಳು. ಹತ್ತು, ಹನ್ನೊಂದು ವಾರ ಅಂತ ಇಟ್ಕೊಳ್ಳಿ."

ಅವಳು ಉಗುಳು ನುಂಗಿದಳು. ಅದು ಸರಾಗವಾಗಿ ಇಳಿಯಿತು.

ಭಾನುವಾರ ಬಟ್ಟೆ ಒಯ್ಯಲು ಮನೆಗೆ ಬಂದಳು. ನಡುಹಗಲು, ಬೀದಿಯಲ್ಲಿ ಜನ ಓಡಾಡುತ್ತಿದ್ದರು, ಮನೆಯೊಳಗೆ ಗಡಿಯಾರದ ಸದ್ದು. ಉಗ್ರಾಣದ ಬಾಗಿಲು ಬೀಗವಿಲ್ಲದೆ ಹಾಗೇ ಇತ್ತು. ಬೀನ್ಸಿನ ಮೊದಲ ಶೀಶೆಯ ಚೀಟಿಯಲ್ಲಿ ಅಂದಿನದೇ ತಾರೀಕು. ಹೆಬ್ಬೆರಳಿನಿಂದ ಒತ್ತಿದಳು, ಮುಚ್ಚಳ ಅತ್ತೆ ಬಿಗಿದಂತೆ ತಗ್ಗಿ, ಮಾತಿಲ್ಲದೆ ಕೂತಿತ್ತು. ಅದನ್ನು ಮೇಜಿಗೆ ತಂದು, ನೀರಿನಲ್ಲಿ ನೆನೆಸಿ ಚೀಟಿ ಕಿತ್ತು, ತಟ್ಟೆ ಹಾಕಿಕೊಂಡಳು. ಕೈ ತಾನಾಗಿ ಚಮಚ ಎತ್ತಿ ಎಣಿಸಿತು. ಒಂದು.

ಎರಡು ಹೋಳಿಗೇ ಸಾಕೆನಿಸಿತು, ಆದರೂ ನಿಲ್ಲಿಸಲಿಲ್ಲ. ತೆರೆದದ್ದನ್ನು ಮತ್ತೆ ಮುಚ್ಚುವಂತಿರಲಿಲ್ಲ. ಅಳತೆ ಸರಿಯಾಗಿತ್ತು, ಒಬ್ಬಳಿಗೆ ಒಂದು ಚೂರೂ ಹೆಚ್ಚಲ್ಲ, ಕಡಿಮೆಯಲ್ಲ. ಖಾಲಿ ಶೀಶೆ ತೊಳೆದು ಕವುಚಿ, ಬಾಗಿಲು ಹಾಕುವ ಮುಂಚೆ ಒಳಗೆ ಒಮ್ಮೆ ನೋಡಿದಳು. ಇನ್ನು ಹತ್ತು ಉಳಿದಿದ್ದವು. ಹತ್ತನೆಯದರ ಆಚೆ ಹಲಗೆ ಬರಿದಾಗಿತ್ತು. ಅಲ್ಲಿಂದ ಮುಂದೆ ಮೇಜಿಗೆ ಎಷ್ಟು ಜನ ಕೂರುತ್ತಾರೆಂದು ಅತ್ತೆ ಬರೆದಿಟ್ಟಿರಲಿಲ್ಲ.